ಘಾಟಿಯ ತಲೆಯಲ್ಲಿ ನಿಲ್ಲುವ ರೆಕಾರ್ಡಿಂಗ್

ಕಂಪ್ಯೂಟರಿಗೆ ಮೂವತ್ತಾರು ಸಾವಿರ. ಸ್ಟೀರಿಂಗು, ಪೆಡಲು, ಗೇರು ಸೇರಿ ಒಂಬತ್ತೂವರೆ ಸಾವಿರ. ಬಸ್ ಓಡಿಸುವ ಗೇಮಿಗೆ ಎಂಟುನೂರು ಚಿಲ್ಲರೆ. ಗೇಮ್ ಬಾರಿಗೆ ಸೊನ್ನೆ.

ಹೇಳಿ ನೋಡೋಣ, ಇವುಗಳಲ್ಲಿ ನನ್ನ ಒಂದು ವಾರವನ್ನು ಪೂರ್ತಿ ತಿಂದುಹಾಕಿದ್ದು ಯಾವುದು? ಆ ಸೊನ್ನೆ.

ಇಷ್ಟು ದುಡ್ಡು ಯಾಕೆ ಹಾಕಿದೆ ಎಂದು ಮೊದಲು ಹೇಳಿಬಿಡುತ್ತೇನೆ. ಇಲ್ಲದಿದ್ದರೆ ಈ ವಯಸ್ಸಿನಲ್ಲಿ ಅಕ್ಕೋರಿಗೆ ಗೇಮಿನ ಹುಚ್ಚು ಹಿಡಿಯಿತು ಎಂದು ಪೇಟೆಯಲ್ಲೆಲ್ಲ ಸುದ್ದಿಯಾಗುತ್ತದೆ. (ಆಗಿದೆ ಕೂಡ.) ನಾನು ಶಿರಸಿಯಲ್ಲಿ ಡ್ರೈವಿಂಗ್ ಸ್ಕೂಲ್ ನಡೆಸುವವಳು ಎಂಬುದು ಈ ಅಂಕಣ ಓದುವವರಿಗೆ ಗೊತ್ತೇ ಇದೆ. ನಮ್ಮ ಜಿಲ್ಲೆಯಲ್ಲಿ ಪಾಠ ಹೇಳುವ ಹೆಂಗಸು ಯಾರೇ ಆಗಲಿ, ಅಕ್ಕೋರು. ನಾನು ಹೇಳುವುದು ಕ್ಲಚ್ಚಿನ ಪಾಠವಾದರೂ ನನಗೆ ಆ ಹೆಸರು ತಪ್ಪಲಿಲ್ಲ.

ಕಾರು ಕಲಿಸುವುದು ಸುಲಭ. ಘಾಟಿ ಕಲಿಸುವುದು ಕಷ್ಟ. ಘಾಟಿಯಲ್ಲಿ ಕಲಿಯುವವನು ತಪ್ಪು ಮಾಡಿದರೆ ‘ನಿಲ್ಲು, ಇದೇ ತಪ್ಪನ್ನು ಇನ್ನೊಂದು ಸಲ ಮಾಡು, ತೋರಿಸುತ್ತೇನೆ’ ಎನ್ನಲು ಆಗುತ್ತದೆಯೇ? ಹಿಂದಿನಿಂದ ಲಾರಿ ಹಾರ್ನ್ ಹೊಡೆಯುತ್ತಿರುತ್ತದೆ, ಪಕ್ಕದಲ್ಲಿ ಪ್ರಪಾತ. ಕಂಪ್ಯೂಟರಿನ ಘಾಟಿಯಲ್ಲಾದರೆ ಬಸ್ಸು ಹತ್ತು ಸಲ ಬಿದ್ದರೂ ಪಂಚನಾಮೆ ಇಲ್ಲ. ಇದರಿಂದ ಬಸ್ ಓಡಿಸಲು ಬರುತ್ತದೆ ಎಂದು ನಾನು ಹೇಳುವುದಿಲ್ಲ. ಆದರೆ ತಪ್ಪು ಕಣ್ಣಿಗೆ ಕಾಣುತ್ತದೆ. ತಪ್ಪು ಕಂಡರೆ ಅರ್ಧ ಪಾಠ ಮುಗಿದಂತೆ.

ಪಿಸಿ ಕೊಟ್ಟವನು ಹುಬ್ಬಳ್ಳಿಯ ಒಬ್ಬ ಕಾಲೇಜು ಹುಡುಗ. ಐವತ್ತೆರಡು ಸಾವಿರ ಹೇಳಿದ. ಕೆಂಪು, ನೀಲಿ, ಹಸಿರು ದೀಪ ಉರಿಯುವ ಫ್ಯಾನುಗಳನ್ನು ಒಂದೊಂದಾಗಿ ತೋರಿಸಿದ. ‘ದೀಪ ಆರಿಸಿದರೆ ಎಷ್ಟಕ್ಕೆ ಕೊಡುತ್ತೀಯಪ್ಪ?’ ಎಂದೆ. ಅಲ್ಲಿಂದ ಮಾತು ಇಳಿಯಲು ಶುರುವಾದದ್ದು ಮೂವತ್ತಾರಕ್ಕೆ ಬಂದು ನಿಂತಿತು. (ಅಂದ ಹಾಗೆ, ಸೆಕೆಂಡ್ ಹ್ಯಾಂಡ್ ಮಾಲು ನೋಡಲು ಹೋದಾಗ ಮಾರುವವನ ಮನೆಯವರು ಎದುರಿಗೆ ಇರಬೇಕು. ‘ಕೊಟ್ಟು ಕಳಿಸೋ, ಓದೋದು ಬಿಟ್ಟು ಅದರ ಮುಂದೇ ಕೂತಿರ್ತೀಯ’ ಎಂದು ಅವರೇ ನಮ್ಮ ಪರವಾಗಿ ವಾದಿಸುತ್ತಾರೆ.)

ಯಂತ್ರ ಬಂತು. ಘಾಟಿ ಇಳಿಸಿ ತೋರಿಸುವವರು ಬೇಕಲ್ಲ? ನನ್ನದೋ ಕಾರಿನ ಲೈಸೆನ್ಸು. ಆಗ ನೆನಪಾದವರು ಯಲ್ಲಾಪುರದ ಗಫಾರ್ ಭಾಯ್.

ಗಫಾರ್ ಭಾಯ್ ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ಅರಬೈಲ್ ಘಾಟಿಯಲ್ಲಿ ಲಾರಿ ಹತ್ತಿಸಿ ಇಳಿಸಿದವರು. ಲಾರಿಯವರ ನಡುವೆ ಅವರು ಬರೀ ‘ಉಸ್ತಾದ್’. ಎರಡು ವರ್ಷದ ಹಿಂದೆ ಬಲಗಣ್ಣಿನ ದೃಷ್ಟಿ ಹೋಯಿತು. ಕಣ್ಣಿನ ಜೊತೆಗೇ ಹೆವಿ ಲೈಸೆನ್ಸೂ ಹೋಯಿತು. ಅಂದಿನಿಂದ ಅಳಿಯನ ಪಂಕ್ಚರ್ ಅಂಗಡಿಯ ಬೆಂಚಿನ ಮೇಲೆ ಕೂತು, ಹೋಗಿ ಬರುವ ಲಾರಿಗಳ ಲೋಡು ಯಾವ ಕಡೆ ವಾಲಿದೆ ಎಂದು ಹೇಳುವುದೇ ಕೆಲಸ. ಕೇಳುವವರು ಯಾರೂ ಇಲ್ಲ. ನಾನು ಹೋಗಿ ವಿಷಯ ಹೇಳಿದಾಗ ಅವರು ಸಂಬಳ ಕೇಳಲಿಲ್ಲ. ಸ್ಟೀರಿಂಗು ಎಷ್ಟು ದೊಡ್ಡದು ಎಂದು ಕೇಳಿದರು.

ತಿಂಗಳೊಳಗೆ ಕೆಲಸವೂ ತಾನಾಗಿ ಹುಡುಕಿಕೊಂಡು ಬಂತು. ಸಿದ್ದಾಪುರ ಕಡೆಯ ಒಂದು ಶಾಲೆ. ಅವರಿಗೆ ಮೂರು ಬಸ್ಸು, ಮೂವರು ಹೊಸ ಡ್ರೈವರು. ಮೂವರೂ ಬಯಲುಸೀಮೆಯ ರಸ್ತೆಯಲ್ಲಿ ಪಳಗಿದವರು. ವರ್ಷಕ್ಕೊಮ್ಮೆ ಮಕ್ಕಳನ್ನು ಕರೆದುಕೊಂಡು ಸಮುದ್ರ ನೋಡಲು ಘಾಟಿ ಇಳಿಯಬೇಕು. ಈ ಮೂವರಿಗೆ ಒಂದಷ್ಟು ಪಾಠ ಹೇಳಬೇಕಿತ್ತು. ಶಾಲೆಯ ಕಾರ್ಯದರ್ಶಿಯವರು ಹೆಗಡೆ ಎಂದು, ಬಹಳ ಅಳೆದು ತೂಗಿ ಮಾತಾಡುವ ಮನುಷ್ಯ. ಅವರು ಹೇಳಿದ್ದಿಷ್ಟು: ಭಾನುವಾರ ಕಮಿಟಿ ಮೀಟಿಂಗು ಇದೆ, ನಿಮ್ಮ ಉಸ್ತಾದರು ಹೇಗೆ ಕಲಿಸುತ್ತಾರೆ ಎಂದು ಒಂದು ವಿಡಿಯೋ ಮಾಡಿ ಕಳಿಸಿ, ಮೇಲಿನಿಂದ ಕೆಳಗಿನವರೆಗೆ ಪೂರ್ತಿ ಘಾಟಿ ಇರಬೇಕು. ಒಪ್ಪಿಗೆಯಾದರೆ ಕೆಲಸ ನಿಮ್ಮದು, ಇಲ್ಲದಿದ್ದರೆ ಹುಬ್ಬಳ್ಳಿಯ ಒಂದು ಸಂಸ್ಥೆಯವರು ಕಾಯುತ್ತಿದ್ದಾರೆ.

ನನಗೆ ಇದು ಒಂದು ಗಿರಾಕಿ. ಬಂದರೆ ಬಂತು, ಹೋದರೆ ಇನ್ನೊಂದು. ಗಫಾರ್ ಭಾಯ್‌ಗೆ ಹಾಗಲ್ಲ. ವಿಷಯ ಹೇಳಿದ ದಿನ ಅವರು ಪೆಡಲಿನ ಮೇಲೆ ಕಾಲಿಟ್ಟು ಕೂತಿದ್ದರು. ಕೊನೆಗೆ ಕೇಳಿದ್ದು ಒಂದೇ ಪ್ರಶ್ನೆ.

“ಆ ಮೂರು ಮಂದಿ ನನ್ನ ಏನಂತ ಕರೀತಾರ್ರಿ, ಅಕ್ಕೋರೆ?”

ಅದೇನು ಕೇಳುವ ಮಾತೇ, ಉಸ್ತಾದ್ ಎಂದೇ ಕರೆಯುತ್ತಾರೆ ಎಂದೆ. ಅವರು ತಲೆಯಾಡಿಸಿ ಸೀಟು ಒಂದಿಂಚು ಮುಂದೆ ಎಳೆದುಕೊಂಡರು.

ಸರಿ, ವಿಡಿಯೋ. ಮೊದಲು ಮೊಬೈಲಿನಲ್ಲೇ ತೆಗೆದು ನೋಡಿದೆ. ಸ್ಕ್ರೀನಿನ ಮೇಲೆ ಪಟ್ಟೆಪಟ್ಟೆ ಗೆರೆ, ಅದರ ಮುಂದೆ ಗಫಾರ್ ಭಾಯ್ ಟೋಪಿ. ಘಾಟಿಗಿಂತ ಟೋಪಿಯೇ ಹೆಚ್ಚು. ಸ್ಕ್ರೀನಿನಲ್ಲಿ ಕಾಣುವುದನ್ನೇ ರೆಕಾರ್ಡ್ ಮಾಡುವ ಸಾಫ್ಟ್‌ವೇರ್ ಇರುತ್ತದೆ ಎಂದರು. ಹುಡುಕಿದರೆ ವರ್ಷಕ್ಕಿಷ್ಟು ಎಂದು ಚಂದಾ. ವರ್ಷವರ್ಷವೂ ಚಂದಾ ಕೊಡಲು ಅದೇನು ಗಣಪತಿ ಹಬ್ಬವೇ?

ಕಾರ್ಡಿನ ನಂಬರು ಹಾಕುವ ಮುಂಚೆ ಶ್ರೀಪಾದನಿಗೆ ಒಂದು ಫೋನ್ ಮಾಡಿದ್ದು ಒಳ್ಳೆಯದಾಯಿತು. ಶ್ರೀಪಾದ ಹುಲೇಕಲ್ ಕಡೆಯವನು, ಶಿರಸಿಯಲ್ಲಿ ಕಂಪ್ಯೂಟರ್ ರಿಪೇರಿ ಅಂಗಡಿ ಇಟ್ಟಿದ್ದಾನೆ. “ಎಂತಕ್ಕೆ ದುಡ್ಡು ಕೊಡ್ತೀರಿ ಅಕ್ಕೋರೆ? ಅದು ಒಳಗೇ ಉಂಟು. ವಿಂಡೋಸ್ ಕೀ ಹಿಡ್ಕೊಂಡು ಜಿ ಒತ್ತಿ” ಎಂದ.

ಒತ್ತಿದೆ. ಆಟದ ಮೇಲೆಯೇ ಗಾಜಿನ ಹಾಳೆ ಇಟ್ಟ ಹಾಗೆ ಒಂದು ಪಟ್ಟಿ ತೆರೆದುಕೊಂಡಿತು. ರೆಕಾರ್ಡ್ ಮಾಡುವ ಗುಂಡಿ, ಮೈಕಿನ ಗುಂಡಿ, ಸದ್ದು ಹೆಚ್ಚುಕಮ್ಮಿ ಮಾಡುವುದು, ಯಂತ್ರಕ್ಕೆ ಎಷ್ಟು ಸುಸ್ತಾಗಿದೆ ಎಂದು ತೋರಿಸುವುದು, ಎಲ್ಲ ಅಲ್ಲೇ. ಇದಕ್ಕೆ ಗೇಮ್ ಬಾರ್ ಎನ್ನುತ್ತಾರಂತೆ. ಪಿಸಿಯ ಜೊತೆಗೇ ಬಂದದ್ದು, ಪುಕ್ಕಟೆ. ಮೂವತ್ತಾರು ಸಾವಿರಕ್ಕೆ ಕೊಂಡವಳಿಗೆ ಇಷ್ಟು ದಿನ ಇದು ಗೊತ್ತೇ ಇರಲಿಲ್ಲ. ಮಾರಿದ ಹುಡುಗ ಇದನ್ನು ತೋರಿಸಿದ್ದರೆ ನಾನು ಮೂವತ್ತೆಂಟು ಕೊಡುತ್ತಿದ್ದೆನೋ ಏನೋ. ಅವನು ದೀಪ ತೋರಿಸಿದ.

ಪುಕ್ಕಟೆ ಸಿಕ್ಕ ಖುಷಿಯಲ್ಲಿ ನಾನು ಮಂಗಳವಾರವೇ ಶುರು ಹಚ್ಚಿದೆ. ವಿಂಡೋಸ್ ಕೀ, ಆಲ್ಟ್, ಆರ್, ಮೂರನ್ನೂ ಒಟ್ಟಿಗೆ ಒತ್ತಿದರೆ ರೆಕಾರ್ಡಿಂಗ್. ಮತ್ತೆ ಒತ್ತಿದರೆ ಬಂದ್. ಆರಂಭದಲ್ಲೇ ಎಡವಟ್ಟು. ಆಟ ತೆರೆಯುವ ಮೊದಲೇ ಖಾಲಿ ಡೆಸ್ಕ್‌ಟಾಪಿನಲ್ಲಿ ಒತ್ತುತ್ತಾ ಕೂತಿದ್ದೆ. ಏನೂ ಆಗಲಿಲ್ಲ. ಈ ಗೇಮ್ ಬಾರಿಗೆ ಒಂದು ಸ್ವಭಾವವಿದೆ. ಅದು ಯಾವುದೋ ಒಂದು ಆಟದ್ದೋ ಪ್ರೋಗ್ರಾಮಿನದ್ದೋ ಕೈ ಹಿಡಿಯುತ್ತದೆ, ಅದನ್ನೇ ರೆಕಾರ್ಡ್ ಮಾಡುತ್ತದೆ. ಖಾಲಿ ಡೆಸ್ಕ್‌ಟಾಪನ್ನು ಮುಟ್ಟುವುದಿಲ್ಲ. ಈ ಮಾತು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ. ನಾನು ನೆನಪಿಟ್ಟುಕೊಳ್ಳಲಿಲ್ಲ.

ಆಟ ತೆರೆದೆವು. ಯಾರೋ ಉತ್ಸಾಹಿಗಳು ಕೂತು ಮಾಡಿಟ್ಟ ಘಾಟಿ ಮ್ಯಾಪು ಅದರಲ್ಲಿತ್ತು. ತಿರುವುಗಳನ್ನು ನೋಡಿದರೆ ನಮ್ಮ ದೇವಿಮನೆ ಘಾಟಿಯ ಚಿಕ್ಕಪ್ಪನ ಮಗ ಎನ್ನಬೇಕು. ಗಫಾರ್ ಭಾಯ್ ಸ್ಟೀರಿಂಗಿನ ಮುಂದೆ ಕೂತು, ಎದುರಿಗೆ ವಿದ್ಯಾರ್ಥಿ ಇದ್ದಾನೆ ಎಂದುಕೊಂಡು ಪಾಠ ಶುರು ಮಾಡಿದರು. ನಾನು ರೆಕಾರ್ಡಿಂಗ್ ಒತ್ತಿ, ಮೈದಾನದಲ್ಲಿ ಕಾಯುತ್ತಿದ್ದ ನನ್ನ ವಿದ್ಯಾರ್ಥಿನಿಯರ ಕಡೆ ಹೋದೆ. ಎಂಟಿನ ಆಕಾರದಲ್ಲಿ ಕಾರು ತಿರುಗಿಸುವ ಪಾಠ ಕಾಯುವುದಿಲ್ಲ.

ಬಂದು ನೋಡಿದರೆ ವಿಡಿಯೋ ಇದೆ, ದನಿ ಇಲ್ಲ. ಬಸ್ಸಿನ ಎಂಜಿನ್ ಗುರುಗುಟ್ಟುತ್ತದೆ, ಉಸ್ತಾದ್ ಮೌನ. ಕೊನೆಯ ತನಕ ನೋಡುವ ಗೋಜಿಗೇ ಹೋಗಲಿಲ್ಲ. ಗೇಮ್ ಬಾರಿನಲ್ಲಿ ಮೈಕು ಬಂದ್ ಇತ್ತು. ಅದನ್ನು ಬೇರೆಯಾಗಿ ಚಾಲೂ ಮಾಡಬೇಕು. (ಮೊದಲ ಸಲ ದನಿ ಬರದಿದ್ದದ್ದು ದೇವರ ದಯೆ. ಎದುರು ಬಂದ ಲಾರಿಗೆ ಅವರು ಏನೆಂದು ಬೈದಿದ್ದರೋ, ಶಾಲೆಯ ಕಮಿಟಿ ಕೇಳುವಂತಹದ್ದಾಗಿರಲಿಕ್ಕಿಲ್ಲ.)

ಬುಧವಾರ ಮೈಕು ಚಾಲೂ. ದನಿ ಬಂತು, ಚೆನ್ನಾಗಿಯೇ ಬಂತು. ಆದರೆ ವಿಡಿಯೋ ಒಂಬತ್ತನೇ ನಿಮಿಷಕ್ಕೆ ನಿಂತುಹೋಗಿತ್ತು. ಬಸ್ಸು ಘಾಟಿಯ ತಲೆಗೆ ಬಂದು ನಿಲ್ಲುತ್ತದೆ, ಅಲ್ಲಿಗೆ ಮುಕ್ತಾಯ. ಘಾಟಿಯೇ ಇಲ್ಲ! ಮದುವೆಯ ವಿಡಿಯೋದಲ್ಲಿ ತಾಳಿ ಕಟ್ಟುವ ಮುಂಚೆ ಕ್ಯಾಮೆರಾ ಆರಿದ ಹಾಗೆ.

ಮತ್ತೊಮ್ಮೆ ಓಡಿಸಿ ಎಂದೆ. ಮತ್ತೆ ಘಾಟಿಯ ತಲೆಯಲ್ಲಿ ನಿಂತಿತು. ಮೂರನೇ ಸಲವೂ ಅಲ್ಲೇ.

ನನಗೆ ಅನುಮಾನಗಳು ಒಂದರ ಹಿಂದೆ ಒಂದು ಬಂದವು. ಡಿಸ್ಕಿನಲ್ಲಿ ಜಾಗ ಇಲ್ಲವೇ? ಅರ್ಧ ಡಿಸ್ಕು ಖಾಲಿ ಬಿದ್ದಿತ್ತು. ಇಷ್ಟೇ ಹೊತ್ತು ಎಂದು ಮಿತಿ ಇದೆಯೇ? ಸೆಟ್ಟಿಂಗಿನಲ್ಲಿ ಎರಡು ಗಂಟೆ ಎಂದು ಬರೆದಿತ್ತು. ಯಂತ್ರ ಬಿಸಿಯಾಯಿತೇ? ಫ್ಯಾನಿನ ದೀಪಗಳು ಝಗಮಗ ಎನ್ನುತ್ತಿದ್ದವು. ಹುಬ್ಬಳ್ಳಿಯ ಹುಡುಗ ಮೋಸ ಮಾಡಿದನೇ? ಹದಿನಾರು ಸಾವಿರ ಇಳಿಸಿದ್ದಕ್ಕೆ ಒಳಗಿನದ್ದೇನಾದರೂ ಕಿತ್ತುಕೊಂಡನೇ? ಚೌಕಾಶಿ ಮಾಡುವವರಿಗೆ ಇದೊಂದು ಶಾಪ. ಅಗ್ಗಕ್ಕೆ ಕೊಂಡ ಮಾಲು ಕೆಮ್ಮಿದರೂ ಎದೆ ಹೊಡೆದುಕೊಳ್ಳುತ್ತದೆ.

ಗುರುವಾರ ಬೆಳಿಗ್ಗೆ ಶ್ರೀಪಾದ ಬಂದ. ಬರುವುದಕ್ಕೆ ಐನೂರು ಎಂದ, ಮುನ್ನೂರಕ್ಕೆ ಒಪ್ಪಿಸಿ ಫ್ಯಾನಿನ ಧೂಳು ಹೊಡೆಯುವುದನ್ನೂ ಅದರಲ್ಲೇ ಸೇರಿಸಿದೆ. ಆ್ಯಪ್‌ಗಳ ಪಟ್ಟಿಯಲ್ಲಿ ಗೇಮ್ ಬಾರ್ ಹುಡುಕಿ ಮೊದಲು ರಿಪೇರ್ ಎಂಬುದನ್ನು ಒತ್ತಿದ. ಆಮೇಲೆ ರೀಸೆಟ್ ಒತ್ತಿದ. ಅಪ್‌ಡೇಟ್ ಮಾಡಿ ಪಿಸಿ ಆರಿಸಿ ಹಚ್ಚಿದ. ಆಮೇಲೆ ತಾನೇ ಸ್ಟೀರಿಂಗ್ ಹಿಡಿದು ಘಾಟಿ ಇಳಿದ. ಮೂರು ಸಲ ಬಂಡೆಗೆ ಗುದ್ದಿದ. ರೆಕಾರ್ಡಿಂಗ್ ಅಖಂಡವಾಗಿ ಬಂತು, ಗುದ್ದಿದ್ದೂ ಸೇರಿ.

ನಾನು ಕೂತು ಓಡಿಸಿದೆ. ಅದೂ ಅಖಂಡ.

ಗಫಾರ್ ಭಾಯ್ ಯಲ್ಲಾಪುರದ ಬಸ್ಸಿಳಿದು ಬಂದರು. ಶ್ರೀಪಾದ ಒಳಗಿನ ಕೋಣೆಗೆ ಹೋಗಿ ನನ್ನ ಬಿಲ್ಲಿಂಗ್ ಕಂಪ್ಯೂಟರನ್ನೂ ಪುಕ್ಕಟೆ ನೋಡಿಕೊಡುತ್ತಿದ್ದ (ಅದನ್ನೂ ಸೇರಿಸಿದ್ದೆ), ನಾನು ಮೈದಾನದಲ್ಲಿದ್ದೆ. ಉಸ್ತಾದರು ಘಾಟಿ ಇಳಿಸಿದರು. ವಿಡಿಯೋ ನೋಡಿದರೆ ಒಂಬತ್ತು ನಿಮಿಷ. ಘಾಟಿಯ ತಲೆಯಲ್ಲಿ ಮುಕ್ತಾಯ.

ಶ್ರೀಪಾದ ಫೋನಿನಲ್ಲಿ ಮನೆಗೆ ಹವ್ಯಕ ಮಾತಿನಲ್ಲಿ ಹೇಳುತ್ತಿದ್ದದ್ದು ಕೇಳಿಸಿತು. “ಆನು ಊಟಕ್ಕೆ ಬತ್ನಿಲ್ಲೆ. ಅಕ್ಕೋರ ಪಿಸಿ ಸರಿ ಆಗ್ತಿಲ್ಲೆ.” ಆಮೇಲೆ ನನ್ನ ಕಡೆ ತಿರುಗಿ, ಯಂತ್ರದಲ್ಲಿ ಏನೂ ದೋಷ ಇಲ್ಲ, ಘಾಟಿಯ ತಲೆಯಲ್ಲೇ ಏನೋ ಇದ್ದಂತಿದೆ, ಒಂದು ತೆಂಗಿನಕಾಯಿ ಒಡೆಸಿ ಎಂದು ನಗಾಡಿದ.

ಗಫಾರ್ ಭಾಯ್ ನಗಲಿಲ್ಲ. ಸ್ಟೀರಿಂಗಿನ ಮೇಲಿಂದ ಕೈ ತೆಗೆದು ಮಡಿಲಲ್ಲಿಟ್ಟುಕೊಂಡರು.

“ನಂದೇ ಕೈಗುಣ ಐತ್ರಿ ಅಕ್ಕೋರೆ. ನೀವು ಓಡಿಸಿದ್ರ ಬರ್ತೈತಿ, ಅವ ಓಡಿಸಿದ್ರ ಬರ್ತೈತಿ. ಕಣ್ಣು ಬ್ಯಾಡಂತು, ಲೈಸೆನ್ಸು ಬ್ಯಾಡಂತು. ಈಗ ಈ ಡಬ್ಬಿ ಸೈತ ಒಲ್ಲೆ ಅಂತೈತಿ. ಹುಬ್ಬಳ್ಳಿಯವರಿಗೇ ಕೊಡ್ಲಿ ಬಿಡ್ರಿ.”

ಮೂವತ್ತು ವರ್ಷ ಚೌಕಾಶಿ ಮಾಡಿದವಳಿಗೆ ಒಂದು ಗೊತ್ತಿದೆ. ‘ಬಿಡ್ರಿ’ ಎಂದು ಎದ್ದು ಹೋಗುವವರಲ್ಲಿ ಎರಡು ತರ. ಕರೆಯಲಿ ಎಂದು ಎದ್ದವರು, ನಿಜವಾಗಿ ಎದ್ದವರು. ಇವರು ನಿಜವಾಗಿ ಎದ್ದಿದ್ದರು. ನಾಳೆ ಒಂದೇ ಒಂದು ದಿನ ಬನ್ನಿ, ನಾಳೆಯೂ ಆಗದಿದ್ದರೆ ನಾನೇ ಹೆಗಡೆಯವರಿಗೆ ಫೋನ್ ಮಾಡಿ ಬೇಡ ಎನ್ನುತ್ತೇನೆ ಎಂದು ಹೇಳಿ, ನಾನೇ ಬಸ್ ಸ್ಟ್ಯಾಂಡಿನ ತನಕ ಬಿಟ್ಟುಬಂದೆ.

ದಾರಿಯಲ್ಲಿ ವಾಪಸ್ ಬರುವಾಗ ತಲೆಗೆ ಹೊಳೆಯಿತು. ಕಲಿಯುವವರ ಕಾರು ಪದೇಪದೇ ಆಫ್ ಆದರೆ ನಾನು ಬಾನೆಟ್ ತೆಗೆಯುವುದಿಲ್ಲ. ಕೆಳಗೆ ಬಗ್ಗಿ ಅವರ ಕಾಲು ನೋಡುತ್ತೇನೆ. ಕ್ಲಚ್ಚಿನ ಮೇಲೆ ಕಾಲು ಏನು ಮಾಡುತ್ತಿದೆ ಎಂದು ನೋಡಿದರೆ ಎಂಜಿನ್ ಬಿಚ್ಚುವ ಖರ್ಚು ಉಳಿಯುತ್ತದೆ. ಹದಿನೈದು ವರ್ಷದಿಂದ ಇದನ್ನೇ ಮಾಡುತ್ತಿರುವ ನಾನು, ಇಡೀ ವಾರದಲ್ಲಿ ಒಮ್ಮೆಯಾದರೂ ಗಫಾರ್ ಭಾಯ್ ಓಡಿಸುವಾಗ ಅವರ ಹಿಂದೆ ಕೂತಿದ್ದೆನೇ? ಇಲ್ಲ. ಮೂರು ದಿನವೂ ರೆಕಾರ್ಡಿಂಗ್ ಒತ್ತಿ ಮೈದಾನಕ್ಕೆ ಓಡಿದವಳು.

ಶುಕ್ರವಾರ ಮೈದಾನದ ಪಾಠಕ್ಕೆ ರಜೆ ಹೇಳಿ, ಒಂದು ಪ್ಲಾಸ್ಟಿಕ್ ಸ್ಟೂಲು ಎಳೆದುಕೊಂಡು ಅವರ ಹಿಂದೆ ಕೂತೆ. ಮಾತಾಡುವುದಿಲ್ಲ, ನಾನು ಇಲ್ಲವೆಂದೇ ತಿಳಿದು ಓಡಿಸಿ ಎಂದೆ.

ಏನು ಚೆಂದ ಓಡಿಸುತ್ತಾರೆ ಮಾರಾಯರೆ! ಬೊಂಬೆಯ ಬಸ್ಸು ಎನ್ನುವುದೇ ಮರೆತುಹೋಯಿತು. ಒಂಬತ್ತನೇ ನಿಮಿಷಕ್ಕೆ ಘಾಟಿಯ ತಲೆ ಬಂತು. ಬಸ್ಸನ್ನು ಎಡಕ್ಕೆ ತಂದು ನಿಲ್ಲಿಸಿದರು. ಹ್ಯಾಂಡ್‌ಬ್ರೇಕ್ ಎಳೆದರು. ಎಂಜಿನ್ ಆರಿಸಿದರು. ಆಮೇಲೆ ಎಡಗೈಯನ್ನು ಕೀಬೋರ್ಡಿಗೆ ತಂದು ಆಲ್ಟ್ ಹಿಡಿದು ಟ್ಯಾಬ್ ಒತ್ತಿದರು.

ಆಟ ಮಾಯ. ಅದರ ಜಾಗದಲ್ಲಿ ಒಂದು ಫೋಟೋ. ಹಸಿರು ಬಣ್ಣದ ಹಳೇ ಲಾರಿ, ಮುಂದೆ ಗೊಂಡೆ, ಕನ್ನಡಿಗೆ ಕಪ್ಪು ದಾರ.

ಗಫಾರ್ ಭಾಯ್ ಮೌಸ್ ಹಿಡಿದು ಲಾರಿಯ ಮುಂದಿನ ಟೈರಿನ ಮೇಲೆ ಬಾಣ ಇಟ್ಟು ಕ್ಲಿಕ್ ಮಾಡಿದರು. ಹಿಂದಿನ ಟೈರಿಗೆ ಬಂದರು, ಎರಡು ಕ್ಲಿಕ್. ಫೋಟೋದಲ್ಲಿ ಕಾಣದ ಆಚೆ ಬದಿಗೆ ಲಾರಿಯ ಮೂತಿಯನ್ನು ಸುತ್ತಿ ಹೋಗಿ, ಅಂದಾಜಿನ ಮೇಲೆ ಮತ್ತೆ ಮೂರು ಕ್ಲಿಕ್. ಒಟ್ಟು ಆರು ಟೈರು, ಆರು ಕ್ಲಿಕ್ಕು. ಆಮೇಲೆ ಅಂಗೈಯನ್ನು ಎದೆಗೆ ಮುಟ್ಟಿಸಿಕೊಂಡು, ಮತ್ತೆ ಆಲ್ಟ್ ಟ್ಯಾಬ್ ಒತ್ತಿ ಆಟಕ್ಕೆ ಬಂದು, ಎಂಜಿನ್ ಹಚ್ಚಿ ಮೊದಲನೇ ಗೇರಿಗೆ ಹಾಕಿದರು.

“ಭಾಯ್, ಏನ್ ಮಾಡಿದ್ರಿ ಈಗ?”

“ಟೈರ್ ನೋಡಿದೆ ರೀ.”

“ಫೋಟೋದಾಗ?”

“ಈ ಆಟದಾಗ ಇಳಿಯಾಕ ಬರೂದಿಲ್ಲಲ್ರಿ. ಇಳಿಯೂದು ಹೆಂಗ ಅಂತ ಹೋದ ವಾರನ ಶ್ರೀಪಾದನ ಅಂಗಡಿಗೆ ಹೋಗಿ ಕೇಳಿದೆ. ಆಟ ಬದಿಗಿಟ್ಟು ಹೋಗಾಕ ಇದು ಒತ್ತಬೇಕು, ಬ್ಯಾರೆ ಇಲ್ಲ ಅಂದ. ಮಗಳ ಕಡೆ ಹೇಳಿ ನನ್ನ ಗಾಡಿ ಫೋಟೋ ಹಾಕ್ಸಿಕೊಂಡೆ.”

ಅರ್ಥವಾಯಿತಲ್ಲ? ಗೇಮ್ ಬಾರ್ ಆಟದ ಕೈ ಹಿಡಿದಿರುತ್ತದೆ ಎಂದು ಆಗಲೇ ಹೇಳಿದ್ದೆ. ಪೂರ್ತಿ ಸ್ಕ್ರೀನ್ ತುಂಬಿದ ಆಟವನ್ನು ಬಿಟ್ಟು ಫೋಟೋಕ್ಕೆ ಹೋದ ತಕ್ಷಣ ನಮ್ಮ ಪಿಸಿಯಲ್ಲಿ ರೆಕಾರ್ಡಿಂಗ್ ಅಲ್ಲಿಗೇ ಮುಗಿದುಬಿಡುತ್ತಿತ್ತು. ವಾಪಸ್ ಬಂದರೂ ತಾನಾಗಿ ಶುರುವಾಗುವುದಿಲ್ಲ. ಹಾಗಾದರೆ ನಿಂತದ್ದು ಅವರಿಗೆ ಯಾಕೆ ಗೊತ್ತಾಗಲಿಲ್ಲ? ರೆಕಾರ್ಡಿಂಗ್ ನಡೆಯುತ್ತಿದೆ ಎಂದು ತೋರಿಸುವ ಪುಟ್ಟ ಡಬ್ಬಿ, ಅದರಲ್ಲೊಂದು ಕೆಂಪು ಚುಕ್ಕೆ, ಇರುವುದು ಸ್ಕ್ರೀನಿನ ಬಲ ಮೂಲೆಯಲ್ಲಿ. ಗಫಾರ್ ಭಾಯ್‌ಗೆ ಬಲಗಣ್ಣು ಕಾಣುವುದಿಲ್ಲ. ಆ ಮೂಲೆಯ ಕಡೆ ಅವರ ಗಮನವೇ ಹೋಗಿರಲಿಲ್ಲ, ಅಷ್ಟೇ.

ರಿಪೇರಿಗೆ ಕೊಟ್ಟ ಮುನ್ನೂರು ನೆನಪಾಯಿತು. ಆದರೂ ಸಮಾಧಾನ. ರೋಗ ಸಿಕ್ಕಿತು, ಮದ್ದು ಸುಲಭ. ಇವತ್ತು ಒಂದು ಸಲ ಟೈರ್ ನೋಡುವುದು ಬಿಡಿ, ನಿಲ್ಲಿಸದೆ ನೇರ ಇಳಿಸಿಬಿಡಿ, ವಿಡಿಯೋ ಅಖಂಡ ಬರುತ್ತದೆ ಎಂದೆ.

ಅವರು ತಲೆ ಅಲ್ಲಾಡಿಸಿದರು. ಇದು ಬರೀ ಆಟ, ಇಲ್ಲಿ ಬ್ರೇಕ್ ಬಿಸಿಯಾಗುವುದಿಲ್ಲ ಎಂದೆ. ಅಲ್ಲಾಡಿಸಿದರು. ಕಮಿಟಿಯವರಿಗೆ ಟೈರ್ ಬೇಕಿಲ್ಲ, ತಿರುವು ಬೇಕು ಎಂದೆ. ಉಹೂಂ. ಇವತ್ತಾಗದಿದ್ದರೆ ಕೆಲಸ ಹುಬ್ಬಳ್ಳಿಗೆ ಹೋಗುತ್ತದೆ ಎಂದು ಕೊನೆಯ ಬಾಣ ಬಿಟ್ಟೆ. ಅವರು ಬಹಳ ಮೆತ್ತಗೆ ಹೇಳಿದರು.

“ಒಂದ್ಸಲ ಟೈರ್ ನೋಡಾಕ ಇಳೀಲಿಲ್ರಿ. ಅರ್ಜೆಂಟ್ ಇತ್ತು, ಮಳಿ ಇತ್ತು. ಮೂರನೇ ತಿರುವಿಗೆ ಬ್ರೇಕ್ ಒತ್ತಿದ್ರ ಕಾಲು ಒಳಗ ಹೋಗೇ ಹೋತು. ಅವತ್ತು ದೇವರು ಇದ್ದ. ದಿನಾ ಇರ್ತಾನ ಅಂತ ಹೆಂಗ ಹೇಳೂದು? ಆ ಹುಡುಗ್ರ ಹಿಂದ ಮಕ್ಕಳು ಕುಂತಿರ್ತಾವ, ಅಕ್ಕೋರೆ. ಇಳೀಲಾರದ ಘಾಟಿ ಇಳಿಸಿ ತೋರ್ಸಂದ್ರ ನನಗ ಆಗೂದಿಲ್ಲ.”

ಶೋರೂಮಿನ ಮ್ಯಾನೇಜರಿನಿಂದ ಹಿಡಿದು ಕೊತ್ತಂಬರಿ ಸೊಪ್ಪಿನವಳ ತನಕ ಎಲ್ಲರ ಹತ್ತಿರವೂ ಒಂದು ಸುತ್ತು ಹೆಚ್ಚಿಗೆ ಮಾತಾಡುವ ನಾನು ಅಲ್ಲಿ ಸುಮ್ಮನಾದೆ. ಅವರ ಬೆಲೆ ಇಳಿಯುವುದಿಲ್ಲ ಎಂದು ಗೊತ್ತಾಯಿತು. ಅಂಥ ಜಾಗದಲ್ಲಿ ಮಾಲನ್ನೇ ಬೇರೆ ಕಡೆಯಿಂದ ನೋಡಬೇಕು.

ಆಟದ ಸೆಟ್ಟಿಂಗಿನಲ್ಲಿ ಯಾವ ಕೀ ಒತ್ತಿದರೆ ಏನಾಗುತ್ತದೆ ಎಂಬ ಪಟ್ಟಿ ಇರುತ್ತದೆ. ಉದ್ದ ಪಟ್ಟಿ. ಯಾರೂ ಓದುವುದಿಲ್ಲ. ನಾನು ಸಾಲದ ಪತ್ರ ಓದುವ ಹಾಗೆ ಮೇಲಿನಿಂದ ಕೆಳಗೆ ಬೆರಳಿಟ್ಟು ಓದಿದೆ. ಹೆಡ್‌ಲೈಟು, ವೈಪರು, ಬಾಗಿಲು, ಅದು, ಇದು, ಹೊರಗಿನ ಕ್ಯಾಮೆರಾ. ಒತ್ತಿ ನೋಡಿದರೆ ನಾವು ಬಸ್ಸಿನ ಹೊರಗೆ ರಸ್ತೆಯ ಮೇಲೆ ನಿಂತಿದ್ದೇವೆ. ಬಾಣದ ಕೀಲಿ ಒತ್ತಿದರೆ ಬಸ್ಸಿನ ಸುತ್ತ ನಡೆಯುತ್ತೇವೆ. ಟೈರಿನ ಹತ್ತಿರ ಬಗ್ಗಿದರೆ ಅದರ ಗೀರುಗಳೂ ಕಾಣುತ್ತವೆ. ಆಟದೊಳಗೇ ಇಳಿದ ಹಾಗಾಯಿತು, ಆಟ ಬಿಟ್ಟ ಹಾಗಾಗಲಿಲ್ಲ.

ಗಫಾರ್ ಭಾಯ್ ಬಸ್ಸಿನ ಸುತ್ತ ಒಂದು ಸುತ್ತು ಬಂದರು. ಮತ್ತೊಂದು ಸುತ್ತು ಬಂದರು. ಮೂರನೆಯ ಸಲ ಹಿಂದಿನ ಜೋಡಿ ಟೈರಿನ ಹತ್ತಿರ ನಿಂತು, ಈ ಆಟ ಮಾಡಿದವನಿಗೆ ಗಾಡಿ ಗೊತ್ತಿದೆ ಎಂದು ಸರ್ಟಿಫಿಕೇಟ್ ಕೊಟ್ಟರು. ಕೆಂಪು ಚುಕ್ಕೆಯ ಡಬ್ಬಿಯನ್ನು ಮೌಸಿನಲ್ಲಿ ಎಳೆದು ಎಡ ಮೂಲೆಗೆ ತಂದಿಟ್ಟೆ. ಆಗ ಅವರು ‘ಓ, ಇದೊಂದಿತ್ತೇನು’ ಎಂದರು.

ಇಪ್ಪತ್ತಮೂರು ನಿಮಿಷದ ವಿಡಿಯೋ ಅಖಂಡ ಬಂತು. ಮೇಲಿನಿಂದ ಕೆಳಗಿನವರೆಗೆ ಘಾಟಿ. ಬೈಗುಳ ಒಂದೇ ಒಂದು, ಅದೂ ಹಗುರದ್ದು. ಘಾಟಿಯ ತಲೆಯಲ್ಲಿ ಬಸ್ಸು ನಿಲ್ಲಿಸಿ, ಇಳಿದು, ಆರೂ ಟೈರು ತೋರಿಸುತ್ತಾ ಯಾವುದರಲ್ಲಿ ಏನು ನೋಡಬೇಕು, ಬ್ರೇಕಿನ ಡ್ರಮ್ಮಿನಿಂದ ಯಾವ ವಾಸನೆ ಬಂದರೆ ಒಂದು ಹೆಜ್ಜೆಯೂ ಮುಂದಿಡಬಾರದು ಎಂದು ಎರಡು ನಿಮಿಷ ಮಾತು. ಅದು ಸ್ವಲ್ಪ ಉದ್ದವಾಯಿತು, ಕತ್ತರಿಸಿ ಕಳಿಸೋಣವೇ ಎಂದು ನನಗೆ ಆಸೆ ಆದದ್ದು ನಿಜ. ಗಫಾರ್ ಭಾಯ್ ಮುಖ ನೋಡಿ ಬಿಟ್ಟೆ.

ಫೈಲು ಎಷ್ಟು ದೊಡ್ಡದಾಗಿತ್ತೆಂದರೆ ಮೊಬೈಲಿನಿಂದ ಕಳಿಸಲು ಹೋದರೆ ನೆಟ್‌ವರ್ಕ್ ಏದುಸಿರು ಬಿಟ್ಟು ಕೂತಿತು. ಶನಿವಾರ ಬೆಳಿಗ್ಗೆ ಪೆನ್ ಡ್ರೈವಿಗೆ ಹಾಕಿ, ಪೇಪರಿನಲ್ಲಿ ಸುತ್ತಿ, ಹೆಗಡೆಯವರ ನಂಬರು ಬರೆದು, ಸಿದ್ದಾಪುರದ ಬಸ್ಸಿನ ಕಂಡಕ್ಟರ್ ಕೈಗೆ ಕೊಟ್ಟೆ. ನಮ್ಮಲ್ಲಿ ಔಷಧಿ, ಹೂವು, ಮದುವೆಯ ಬ್ಲೌಸು ಎಲ್ಲ ಹೋಗುವುದು ಹೀಗೇ ತಾನೆ? ಘಾಟಿಯ ಪಾಠವೂ ಬಸ್ಸಿನಲ್ಲೇ ಹೋಗಲಿ ಎಂದೆ.

ಭಾನುವಾರ ಗಫಾರ್ ಭಾಯ್ ಯಲ್ಲಾಪುರದಿಂದ ನಾಲ್ಕು ಸಲ ಫೋನ್ ಮಾಡಿದರು. ನಾಲ್ಕು ಸಲವೂ ವಿಷಯ ಬೇರೆ. ಮಳೆ ಬಂತೇ, ಊಟ ಆಯಿತೇ, ಸ್ಟೀರಿಂಗಿಗೆ ಬಟ್ಟೆ ಮುಚ್ಚಿದಿರೇ, ನಾಳೆ ಬಸ್ಸು ಎಷ್ಟು ಗಂಟೆಗೆ. ಅಷ್ಟರಲ್ಲಿ ಹೆಗಡೆಯವರ ಫೋನ್ ಬಂತು. ಕಮಿಟಿಯವರು ಟಿವಿಗೆ ಹಾಕಿಕೊಂಡು ನೋಡಿದರಂತೆ. ತಿರುವುಗಳನ್ನು ಫಾಸ್ಟ್ ಫಾರ್ವರ್ಡ್ ಮಾಡಿ ನೋಡಿದರಂತೆ, ಎಲ್ಲ ಒಂದೇ ತರ ಕಂಡವಂತೆ. ಕೆಲಸ ಹುಬ್ಬಳ್ಳಿಗೆ ಹೋಯಿತು ಎಂದುಕೊಂಡೆ.

“ಗೇರು ಹಾಕೋದು ನಮ್ಮ ಮೂರೂ ಜನಕ್ಕೆ ಬರ್ತದೆ ಅಕ್ಕೋರೆ. ಆ ನಿಲ್ಲಿಸಿ ಇಳಿದು ನೋಡಿದ್ದು ಉಂಟಲ್ಲ, ಅದು ಯಾರಿಗೂ ಬರೋದಿಲ್ಲ. ಅದನ್ನ ಎರಡು ಸಲ ಹಾಕಿ ನೋಡಿದ್ವಿ. ನಿಮ್ಮ ಉಸ್ತಾದರು ಯಾವ ವಾರದಿಂದ ಬರ್ತಾರೆ?”

ಆಮೇಲೆ ಫೀಸಿನಲ್ಲಿ ಸ್ವಲ್ಪ ನೋಡಿ ಎಂದರು. ನಾನು ನೋಡಲಿಲ್ಲ. ಅದರ ಮೇಲೆ ಉಸ್ತಾದರ ಬಸ್ ಚಾರ್ಜು, ಮಧ್ಯಾಹ್ನದ ಊಟ ಎರಡನ್ನೂ ಸೇರಿಸಿದೆ. ಗಫಾರ್ ಭಾಯ್‌ಗೆ ಹೇಳಲು ಫೋನ್ ಮಾಡಿದರೆ ಅವರದೇ ಐದನೆಯ ಫೋನ್ ಬರುತ್ತಿತ್ತು. ವಿಷಯ ಕೇಳಿ ಬಸ್ಸಿನ ಸಮಯವನ್ನು ಮತ್ತೊಮ್ಮೆ ಕೇಳಿದರು. ಆಮೇಲೆ, ಆ ಮೂವರಿಗೂ ಚಪ್ಪಲಿ ಹಾಕಿಕೊಂಡು ಬರಬೇಡಿ, ಶೂ ಹಾಕಿಕೊಂಡು ಬನ್ನಿ ಎಂದು ಹೇಳಿಬಿಡಿ ಎಂದರು. ಉಸ್ತಾದರ ಮೊದಲ ಆರ್ಡರು.

ಈಗ ನಿಮ್ಮ ಸರದಿ. ಮನೆಯ ಪಿಸಿಯಲ್ಲಿ ಏನನ್ನಾದರೂ ರೆಕಾರ್ಡ್ ಮಾಡಬೇಕೇ? ಆಟವೇ ಆಗಬೇಕೆಂದಿಲ್ಲ, ಮಗಳ ಆನ್‌ಲೈನ್ ಸಂಗೀತ ಪಾಠವಾದರೂ ಸರಿ. ದುಡ್ಡು ಕೊಡುವ ಮೊದಲು ಅದನ್ನು ತೆರೆದಿಟ್ಟುಕೊಂಡು ವಿಂಡೋಸ್ ಕೀ ಮತ್ತು ಜಿ ಒತ್ತಿ ನೋಡಿ, ಬಹಳ ಮಟ್ಟಿಗೆ ಒಳಗೇ ಇರುತ್ತದೆ. ಪಾಠದ್ದಾದರೆ ಟೀಚರಿಗೆ ಒಂದು ಮಾತು ಕೇಳಿಕೊಂಡು ಶುರು ಮಾಡಿ. ಮೈಕು ಚಾಲೂ ಇದೆಯೇ ನೋಡಿ. ಎರಡು ನಿಮಿಷ ಸುಮ್ಮನೆ ರೆಕಾರ್ಡ್ ಮಾಡಿ, ವಿಡಿಯೋಸ್ ಫೋಲ್ಡರಿನೊಳಗೆ ಕ್ಯಾಪ್ಚರ್ಸ್ ಎಂದು ಇರುತ್ತದೆ, ಅಲ್ಲಿ ಹೋಗಿ ಕೇಳಿ ನೋಡಿ, ಆಮೇಲೆ ಅಸಲಿಗೆ ಕೈ ಹಾಕಿ. ಕೆಂಪು ಚುಕ್ಕೆಯನ್ನು ಕಣ್ಣಿಗೆ ಬೀಳುವ ಜಾಗಕ್ಕೆ ಎಳೆದಿಡಿ. ನಡುವೆ ಬೇರೆ ಕಡೆ ಹೋಗಿ ಬರಬೇಡಿ. ಇಷ್ಟಾದ ಮೇಲೂ ಕೈಕೊಟ್ಟರೆ ರಿಪೇರ್, ರೀಸೆಟ್ ಇದ್ದೇ ಇವೆ, ಅವಕ್ಕೂ ದುಡ್ಡಿಲ್ಲ.

ಆದರೆ ರಿಪೇರಿಯವನಿಗೆ ಫೋನ್ ಮಾಡುವ ಮುಂಚೆ, ಅದನ್ನು ಬಳಸುವವರ ಹಿಂದೆ ಅರ್ಧ ಗಂಟೆ ಬಾಯಿ ಮುಚ್ಚಿಕೊಂಡು ಕೂತು ನೋಡಿ. ಕೂರಲು ಪ್ಲಾಸ್ಟಿಕ್ ಸ್ಟೂಲು ಸಾಕು. ಪೇಟೆಯಲ್ಲಿ ಮುನ್ನೂರು ಹೇಳುತ್ತಾರೆ. ಇನ್ನೂರ ನಲವತ್ತರ ಮೇಲೆ ಒಂದು ರೂಪಾಯಿಯನ್ನೂ ಕೊಡಬೇಡಿ.